ನಿಮಗಿದು ಗೊತ್ತೆ? – ಅರ್ಧ ಕಟ್ಟಿದ ಹಿಮದ ಮನೆ

ಸಾಕ್ಷ್ಯಚಿತ್ರಕಲೆಯ ಆದ್ಯರಲ್ಲೊಬ್ಬನೆಂದು ಗಣ್ಯನಾದ ಅಮೆರಿಕದ ರಾಬರ್ಟ್ ಫ್ಲಾಹರ್ಟಿಯು, ಕೆನಡಾದ ಹಡ್ಸನ್ ಕೊಲ್ಲಿಯ ತೀರದಲ್ಲಿ ಇನುಯಿಟ್ ಜನರ ನಡುವೆ ವಾಸಿಸಿ ಚಿತ್ರೀಕರಿಸಿ, 1922ರಲ್ಲಿ ತೆರೆಗೆ ತಂದ ‘ನಾನೂಕ್ ಆಫ್ ದಿ ನಾರ್ತ್’ ಚಿತ್ರದಲ್ಲಿ, ಕುಟುಂಬವೊಂದು ಹಿಮದ ಮನೆಯೊಳಗೆ ನಿದ್ರೆಯಿಂದೇಳುವ ದೃಶ್ಯವುಂಟು. ಒಳಗಿನ ಮಬ್ಬಿನಲ್ಲಿ ಆ ಕಾಲದ ಕ್ಯಾಮೆರಾಕ್ಕೆ ಬೆಳಕು ಸಾಲದಾದುದರಿಂದ, ಆ ಮನೆಯ ಒಂದು ಪಾರ್ಶ್ವವನ್ನು ತೆರೆದೇ ಬಿಟ್ಟು ಕಟ್ಟಿಸಲಾಗಿತ್ತು! ನಾಯಕನ ನಿಜನಾಮವೂ ನಾನೂಕ್ ಅಲ್ಲ, ಅಲ್ಲಕರಿಯಲ್ಲಕ್. ಬಂದೂಕು ಆಗಲೇ ರೂಢಿಯಲ್ಲಿದ್ದರೂ, ಪೂರ್ವಿಕರ ಜೀವನಕ್ರಮವನ್ನು ತೋರಿಸಬೇಕೆಂಬ ಹಂಬಲದಿಂದ, ವಾಲ್ರಸ್ ಬೇಟೆಯನ್ನು ಹಗ್ಗ ಕಟ್ಟಿದ ಈಟಿಯಿಂದಲೇ ಆಡಿಸಲಾಯಿತು. ತೆಗೆದ ಸುರುಳಿಗಳನ್ನು ಅಲ್ಲಿಯೇ ಸಂಸ್ಕರಿಸಿ, ಆ ಜನರಿಗೇ ಮೊದಲು ತೋರಿಸಿ, ಮುಂದಿನ ದೃಶ್ಯಗಳನ್ನು ಅವರೊಡನೆ ಕೂಡಿ ಯೋಜಿಸುತ್ತಿದ್ದುದು ಫ್ಲಾಹರ್ಟಿಯ ಕಾರ್ಯವಿಧಾನದ ವೈಶಿಷ್ಟ್ಯ.