ನೆನಪಿಡುವ ಶಬ್ದ

‘ಮಾತು ಆಡಿದರೆ ಹೋಯಿತು, ಮುತ್ತು ಒಡೆದರೆ ಹೋಯಿತು’ ಎಂಬ ಗಾದೆಯನ್ನು ಕೇಳದವರು ವಿರಳ. ಶಬ್ದವು ಹುಟ್ಟಿದೊಡನೆಯೇ ಅಳಿಯುವಂಥದೆಂದು ನಾವೆಲ್ಲರೂ ನಂಬಿದ್ದೇವೆ. ಇಂಥ ಶಬ್ದವನ್ನೇ ವಿಜ್ಞಾನಿಗಳು ನೆನಪಿನ ಭಂಡಾರವನ್ನಾಗಿ ಮಾಡಿಕೊಂಡರೆಂದರೆ ವಾಚಕರಿಗೆ ಅಚ್ಚರಿಯಾಗದಿರದು.

ವಿಜಯಪುರದ ಗೋಲಗುಮ್ಮಟವನ್ನು ನೆನೆಯಿರಿ. ಅದರ ಒಳವ್ಯಾಸ ಸುಮಾರು 38 ಮೀಟರು. ಗಾಳಿಯಲ್ಲಿ ಶಬ್ದವು ಸೆಕೆಂಡಿಗೆ ಸುಮಾರು 340 ಮೀಟರು ಚಲಿಸುವುದರಿಂದ, ಒಂದು ಬದಿಯಲ್ಲಿ ಆಡಿದ ಮಾತು ಎದುರು ಗೋಡೆಯನ್ನು ತಾಕಿ ಮರಳಲು ಸೆಕೆಂಡಿನ ಐದನೆಯ ಒಂದು ಭಾಗಕ್ಕಿಂತ ತುಸು ಹೆಚ್ಚು ಕಾಲ ಬೇಕು. ಆ ಅಲ್ಪಾವಧಿಯಲ್ಲಿ ಮಾತು ಎಲ್ಲಿತ್ತು? ಗಾಳಿಯಲ್ಲಿ ಪ್ರಯಾಣ ಮಾಡುತ್ತಿತ್ತು. ಪ್ರಯಾಣದಲ್ಲಿರುವಷ್ಟು ಕಾಲ ಅದು ಉಳಿದಿತ್ತು. ಶಬ್ದಸ್ಮೃತಿಯ ಮೂಲತತ್ತ್ವ ಇಷ್ಟೆ.

ಹೀಗೆ ಸಾಗುವ ಶಬ್ದವು ಮಾಧ್ಯಮದಲ್ಲಿ ಒತ್ತಡದ ಪದರಗಳಾಗಿ ಸಾಲುಗಟ್ಟಿರುತ್ತದೆ. ದ್ರವದಲ್ಲಿ ಶ್ರವಣಾತೀತ ಕಂಪನಗಳನ್ನು ಹಾಯಿಸಿದಾಗ ಈ ಪದರಗಳು ಬೆಳಕನ್ನು ಹಲವು ಕವಲುಗಳಾಗಿ ಚೆದುರಿಸುತ್ತವೆ. ಇದು ಹೇಗಾಗುತ್ತದೆಂಬುದನ್ನು 1935-36ರಲ್ಲಿ ಬೆಂಗಳೂರಿನಲ್ಲಿ ಸಿ. ವಿ. ರಾಮನ್ ಮತ್ತು ನಾಗೇಂದ್ರನಾಥರು ಗಣಿತದ ಮೂಲಕ ವಿವರಿಸಿದರು. ಕಿವಿಗೆ ಕೇಳಿಸದ ಶಬ್ದವನ್ನು ಬೆಳಕು ಬರಹದಂತೆ ಓದಿತು.

1949ರಲ್ಲಿ ಕೇಂಬ್ರಿಡ್ಜಿನಲ್ಲಿ ಮಾರಿಸ್ ವಿಲ್ಕ್ಸ್ ಮತ್ತು ಸಂಗಡಿಗರು ಪೂರೈಸಿದ ‘ಎಡ್‌ಸ್ಯಾಕ್’ ಗಣಕಯಂತ್ರದ ಸ್ಮೃತಿಯು ಪಾದರಸ ತುಂಬಿದ ನಳಿಗೆಗಳಲ್ಲಿತ್ತು. ನಳಿಗೆಯ ಒಂದು ತುದಿಯ ಸ್ಫಟಿಕವು ವಿದ್ಯುತ್ ಮಿಡಿತವನ್ನು ಶಬ್ದವಾಗಿ ಮಾರ್ಪಡಿಸುವುದು. ಸುಮಾರು ಒಂದೂವರೆ ಮೀಟರಿನ ದಾರಿಯನ್ನು ಅದು ಸೆಕೆಂಡಿನ ಸಾವಿರದ ಒಂದು ಭಾಗದಷ್ಟು ಕಾಲದಲ್ಲಿ ಕ್ರಮಿಸುವುದು. ಇನ್ನೊಂದು ತುದಿಯ ಸ್ಫಟಿಕವು ಅದನ್ನು ಮರಳಿ ವಿದ್ಯುತ್ತಾಗಿಸುವುದು. ಕುಂದಿದ ಮಿಡಿತವನ್ನು ತಿದ್ದಿ, ಬಲಪಡಿಸಿ, ಮತ್ತೆ ಮೊದಲ ತುದಿಗೆ ಕಳುಹಿಸಲಾಗುತ್ತಿತ್ತು. ಹೀಗೆ ಒಂದು ನಳಿಗೆಯಲ್ಲಿ 576 ದ್ವಿಮಾನ ಅಂಕಗಳು ಎಡೆಬಿಡದೆ ಸುತ್ತುತ್ತಿದ್ದವು. ವಿದ್ಯುತ್ ಕಡಿದರೆ ನೆನಪೂ ಅಳಿಯುತ್ತಿತ್ತು.

ಇದು ದೂರದೇಶದ ಕಥೆಯೆಂದು ಭಾವಿಸಬೇಡಿ. 1982ರಲ್ಲಿ ಭಾರತಕ್ಕೆ ವರ್ಣ ದೂರದರ್ಶನ ಬಂದ ಬಳಿಕ ರಾಜಾಜಿನಗರ, ವಿಜಯನಗರ, ಬಸವೇಶ್ವರನಗರಗಳ ಎಷ್ಟೋ ಮನೆಗಳಲ್ಲಿ ಇದೇ ತತ್ತ್ವ ಕೆಲಸ ಮಾಡುತ್ತಿತ್ತು. ನಮ್ಮಲ್ಲಿ ಬಳಕೆಗೆ ಬಂದ ‘ಪಾಲ್’ ಪದ್ಧತಿಯನ್ನು ರೂಪಿಸಿದವರು ಜರ್ಮನಿಯ ವಾಲ್ಟರ್ ಬ್ರುಖ್. ಇದರಲ್ಲಿ ಸೆಕೆಂಡಿಗೆ 25 ಚಿತ್ರಗಳು, ಪ್ರತಿ ಚಿತ್ರಕ್ಕೆ 625 ಗೆರೆಗಳು. ಎಂದರೆ ಸೆಕೆಂಡಿಗೆ 15,625 ಗೆರೆಗಳು. ಒಂದು ಗೆರೆಗೆ ದೊರೆಯುವ ಕಾಲ ಸೆಕೆಂಡಿನ ಹತ್ತು ಲಕ್ಷದಲ್ಲಿ 64 ಭಾಗ ಮಾತ್ರ. ದಾರಿಯಲ್ಲಿ ಬಣ್ಣ ಕೆಟ್ಟರೆ, ಒಂದು ಗೆರೆಯಲ್ಲಿನ ದೋಷವು ಮುಂದಿನ ಗೆರೆಯಲ್ಲಿ ವಿರುದ್ಧ ದಿಕ್ಕಿನಲ್ಲಿ ಕಾಣಿಸುವಂತೆ ಏರ್ಪಾಡಿದೆ. ಎರಡನ್ನೂ ಕೂಡಿಸಿದರೆ ದೋಷವು ಪರಸ್ಪರ ಅಳಿಯುವುದು. ಆದರೆ ಕೂಡಿಸಲು ಹಿಂದಿನ ಗೆರೆಯ ಬಣ್ಣ ನೆನಪಿನಲ್ಲಿರಬೇಕಲ್ಲವೆ?

ಅದನ್ನು ವಿದ್ಯುತ್ತಾಗಿಯೇ ತಂತಿಯಲ್ಲಿ ಓಡಿಸಿ ತಡೆಯೋಣವೆಂದರೆ, ಬೆಳಕು ಅಷ್ಟು ಕಾಲದಲ್ಲಿ 19 ಕಿಲೋಮೀಟರು ದಾಟುತ್ತದೆ; ತಂತಿಯ ಸಂಕೇತದ ವೇಗವೂ ಅದಕ್ಕೆ ಹೋಲಿಸತಕ್ಕದ್ದೇ. ರಾಜಾಜಿನಗರದಿಂದ ಕೆಂಗೇರಿಯವರೆಗೆ ನೇರವಾಗಿ ತಂತಿ ಎಳೆದರೂ ಸಾಲದು! ಗಾಜಿನಲ್ಲಿ ಅಡ್ಡ ಕಂಪನದ ಶಬ್ದವಾದರೋ ಸೆಕೆಂಡಿಗೆ ಸುಮಾರು ಎರಡೂವರೆ ಕಿಲೋಮೀಟರು ಮಾತ್ರ ಚಲಿಸುತ್ತದೆ. ಅದಕ್ಕೆ 16 ಸೆಂಟಿಮೀಟರು ದಾರಿ ಸಾಕು. ಅಂಗೈಯಲ್ಲಿ ಅಡಗುವ ಗಾಜಿನ ಬಿಲ್ಲೆಯ ಅಂಚುಗಳಿಗೆ ಶಬ್ದವು ಮತ್ತೆ ಮತ್ತೆ ಬಡಿದು ತಿರುಗಿ ಆ ದಾರಿಯನ್ನು ಮುಗಿಸುತ್ತಿತ್ತು. ಯಾವುದೇ ಕ್ಷಣದಲ್ಲಿ ಆ ಬಿಲ್ಲೆಯೊಳಗೆ 280ಕ್ಕೂ ಹೆಚ್ಚು ಅಲೆಗಳು ಒಂದರ ಹಿಂದೊಂದು ಇರುತ್ತಿದ್ದವು. ಮನೆಮಂದಿ ಪರದೆಯನ್ನು ನೋಡುತ್ತಿದ್ದಾಗ, ಪೆಟ್ಟಿಗೆಯೊಳಗೆ ಕೇಳಿಸದ ಶಬ್ದವೊಂದು ಬಣ್ಣವನ್ನು ಕಾಯುತ್ತಿತ್ತು.

ಆ ಕೆಲಸವನ್ನು ಮುಂದೆ ಸಿಲಿಕಾನ್ ಬಿಲ್ಲೆಗಳು ವಹಿಸಿಕೊಂಡವು. ಆದರೂ ಶಬ್ದಕ್ಕೆ ನಿವೃತ್ತಿಯಿಲ್ಲ. ಇಂದಿನ ಮೊಬೈಲ್ ಫೋನುಗಳಲ್ಲಿ, ಬೇಕಾದ ರೇಡಿಯೋ ಸಂಕೇತವನ್ನು ಮಾತ್ರ ಆರಿಸುವ ಶೋಧಕಗಳಲ್ಲಿ ಹರಳಿನ ಮೇಲ್ಮೈಯಲ್ಲಿ ಹರಿಯುವ ಶಬ್ದದ ಅಲೆಗಳೇ ದುಡಿಯುತ್ತವೆ. ಅಲ್ಲಿಯೂ ಅದೇ ಗುಣ ನೆರವಾಗುತ್ತದೆ: ಶಬ್ದವು ನಿಧಾನಿ, ಆದ್ದರಿಂದ ಅದರ ಅಲೆಗಳು ಕಿರಿದು, ಕಿರಿದಾದ ಎಡೆಯಲ್ಲಿ ಅವು ಹಿಡಿಸುತ್ತವೆ. ವೇಗವನ್ನೇ ಮೆಚ್ಚುವ ಯಂತ್ರಯುಗದಲ್ಲಿ ನಿಧಾನವೂ ಒಂದು ಶಕ್ತಿಯೆಂಬುದನ್ನು ವಿದ್ಯಾರ್ಥಿಗಳು ಗಮನಿಸಬೇಕು.