ಹಿಂದಕ್ಕೆ ನಡೆದ ‘ಕಾಂತಾರ’

‘ಕಾಂತಾರ’ದ ಕೊನೆಯಲ್ಲಿ ನಾಯಕ ಶಿವ ಕಾಡಿನೊಳಗೆ ಮಾಯವಾದ. ಅವನ ತಂದೆಯೂ ಹಾಗೆಯೇ ಮಾಯವಾಗಿದ್ದ. 2022ರ ಸೆಪ್ಟೆಂಬರ್ 30ರಂದು ತೆರೆಕಂಡ ಆ ಚಿತ್ರ ನೋಡಿದವರಿಗೆಲ್ಲ ಮುಂದೇನಾಯಿತು ಎಂಬ ಕುತೂಹಲ. ನಿರ್ದೇಶಕ ರಿಷಬ್ ಶೆಟ್ಟಿ ಹೊರಟಿದ್ದು ಹಿಂದೇನಾಗಿತ್ತು ಎಂದು ಹೇಳಲು. 2023ರ ನವೆಂಬರ್ 27ರಂದು ಕುಂಭಾಸಿಯ ಆನೆಗುಡ್ಡೆಯಲ್ಲಿ ಮುಹೂರ್ತವಾಯಿತು. 2025ರ ಅಕ್ಟೋಬರ್ 2ಕ್ಕೆ ‘ಕಾಂತಾರ: ಚಾಪ್ಟರ್ 1’ ಬಂತು. ಕತೆ 1990ರಿಂದ ಕದಂಬರ ಕಾಲಕ್ಕೆ ಸರಿದು, ಶಿವನ ಜಾಗದಲ್ಲಿ ಬೆರ್ಮೆ ನಿಂತ.

ಹೀಗೆ ಹಿಂದಕ್ಕೆ ಹೋಗಿ ಹುಟ್ಟಿನ ಕತೆ ಹೇಳುವುದು ತುಳುನಾಡಿಗೆ ಹೊಸ ಜಾಡಲ್ಲ. ದೈವದ ಕೋಲದ ರಾತ್ರಿ ನರ್ತಕ ಮುಖಕ್ಕೆ ಅರದಾಳ ಬಳಿದುಕೊಳ್ಳುತ್ತಿರುವಾಗ, ಅವನ ಮನೆಯ ಹೆಂಗಸರು ತೆಂಬರೆ ಬಡಿಯುತ್ತ ಪಾಡ್ದನ ಹೇಳುತ್ತಾರೆ. ದೈವ ಎಲ್ಲಿ ಹುಟ್ಟಿತು, ಯಾವ ದಾರಿ ಹಿಡಿದು ಬಂತು, ಯಾವ ಗುತ್ತಿನಲ್ಲಿ ನೆಲೆಯಾಯಿತು ಎಂಬುದೆಲ್ಲ ಅದರಲ್ಲಿದೆ. ಅದಾದ ಮೇಲೆಯೇ ಕಾಲಿಗೆ ಗಗ್ಗರ. ಹುಟ್ಟು ಹೇಳದೆ ದೈವವನ್ನು ಕುಣಿಸುವ ರೂಢಿ ಇಲ್ಲಿಲ್ಲ. ರಿಷಬ್ ಅವರ ಎರಡನೇ ‘ಕಾಂತಾರ’ದ ನಿಜವಾದ ಬಲ ಈ ಪಾಡ್ದನದ ನಡಿಗೆಯಲ್ಲಿದೆ ಎಂದು ನಾನು ನಂಬಿದ್ದೇನೆ.

ಮೊದಲ ಚಿತ್ರ ಬಹುಪಾಲು ರಿಷಬ್ ಅವರ ಹುಟ್ಟೂರಾದ ಕೆರಾಡಿಯಲ್ಲೇ ಚಿತ್ರೀಕರಣಗೊಂಡಿತ್ತು. ಎರಡನೆಯದಕ್ಕೆ ಹೊಂಬಾಳೆ ಸಂಸ್ಥೆ 250 ದಿನ ಚಿತ್ರೀಕರಣ ನಡೆಸಿತು. ರಿಷಬ್ ಕಳರಿಪಯಟ್ಟು ಕಲಿತರು. ಅರವಿಂದ್ ಕಶ್ಯಪ್ ಅವರ ಕ್ಯಾಮೆರಾ, ಅಜನೀಶ್ ಲೋಕನಾಥ್ ಅವರ ಸಂಗೀತ ಮುಂದುವರಿದವು. ಯುದ್ಧದ ದೃಶ್ಯಗಳ ಅಬ್ಬರ ಬೇರೆ ಯಾವ ನಾಡಿನ ಚಿತ್ರದಲ್ಲಾದರೂ ಸಿಕ್ಕೀತು. ಕಾಡಿನ ಜನ ಸಾಂಬಾರ ಪದಾರ್ಥ ಹೊತ್ತು ಬಂದರಿಗೆ ಇಳಿಯುವ ಭಾಗ ಮಾತ್ರ ಈ ಕರಾವಳಿಯದೇ. ಅರಮನೆಗೂ ಕಾಡಿಗೂ ನಡುವಿನ ವ್ಯಾಜ್ಯ ಅಲ್ಲಿ ಬೇರುಬಿಡುತ್ತದೆ. ಮೊದಲ ಚಿತ್ರದ ಭೂಮಿಯ ಜಗಳಕ್ಕೂ ಅದೇ ಬೇರು.

ಕಾಪುವಿನಲ್ಲಿ ಎರಡು ವರ್ಷಕ್ಕೊಮ್ಮೆ ಪಿಲಿಕೋಲ ನಡೆಯುವಾಗ ಹುಲಿಬಣ್ಣದ ದೈವದ ಮುಂದೆ ಊರೇ ಓಡುತ್ತದೆ. ಭಯಭಕ್ತಿಗಳು ಬೇರೆ ಬೇರೆಯಾಗದ ಆ ಓಟ ನೋಡಿದವರಿಗೆ ಚಿತ್ರದ ಗುಳಿಗ ದೈವದ ದೃಶ್ಯಗಳಲ್ಲಿ ಮೈ ನಡುಗಿದ್ದೇಕೆಂದು ಹೇಳಿಕೊಡಬೇಕಿಲ್ಲ. ಮಣಿಪಾಲದಲ್ಲಿ ಓದುವ ಹೊರನಾಡಿನ ಹುಡುಗರಿಗೆ ಮೊದಲ ಚಿತ್ರದ ಹಿಂದಿ, ತೆಲುಗು ಅವತರಣಿಕೆಗಳಿದ್ದವು. ಈ ದೈವಗಳ ನಾಡಿನ ಭಾಷೆಯಾದ ತುಳುವಿನ ಅವತರಣಿಕೆ ಬಂದದ್ದು ಮಾತ್ರ ಅವಕ್ಕಿಂತ ತಡವಾಗಿ, 2022ರ ಡಿಸೆಂಬರ್ 2ಕ್ಕೆ. ಅದು ಮೊದಲೇ ಬರಬೇಕಿತ್ತು.

ಎರಡನೇ ಚಿತ್ರ ಗೆದ್ದಂತೆ ಕೆಲವರು ಥಿಯೇಟರಿನಲ್ಲೇ ದೈವದ ವೇಷ ಹಾಕಿ ಕುಣಿದರು. ಆರಾಧಕರು ನೊಂದರು, ಹಾಗೆ ಮಾಡಬೇಡಿ ಎಂದು ಚಿತ್ರತಂಡವೂ ಬೇಡಿಕೊಂಡಿತು. ದೈವವನ್ನು ಮೈಮೇಲೆ ಹೊರುವವರ ಬದುಕಿನ ಕಡೆ ಸರಕಾರ ಕಣ್ಣು ಹಾಯಿಸಿದ್ದು ಮೊದಲ ಚಿತ್ರದ ಗೆಲುವಿನ ನಡುವೆ. 2022ರ ಅಕ್ಟೋಬರಿನಲ್ಲಿ, ಕಾರ್ಕಳದ ಶಾಸಕ ವಿ. ಸುನಿಲ್ ಕುಮಾರ್ ಸಂಸ್ಕೃತಿ ಸಚಿವರಾಗಿದ್ದಾಗ, 60 ದಾಟಿದ ದೈವನರ್ತಕರಿಗೆ ತಿಂಗಳಿಗೆ 2,000 ರೂಪಾಯಿ ಮಾಸಾಶನ ಘೋಷಣೆಯಾಯಿತು.