ಮಾತು ತಲುಪದ ಎಡೆಯಲ್ಲಿ

ಕನ್ನಡದ ಹೊಸ ಅಲೆಯ ಚಲನಚಿತ್ರಗಳ ಚರಿತ್ರೆಯನ್ನು ನಾವು ವಾಡಿಕೆಯಾಗಿ ೧೯೭೦ರ ‘ಸಂಸ್ಕಾರ’ದಿಂದ ಆರಂಭಿಸುತ್ತೇವೆ. ಯಲಹಂಕದ ನಮ್ಮ ಸಾಹಿತ್ಯಾಸಕ್ತರ ಕೂಟದಲ್ಲಿಯೂ ಮಾತು ಹೊರಡುವುದು ಅಲ್ಲಿಂದಲೇ. ಆದರೆ ಅದಕ್ಕೆ ಆರು ವರ್ಷ ಮೊದಲೇ, ಜನಪ್ರಿಯ ಚಿತ್ರರಂಗದ ಒಳಗಿದ್ದುಕೊಂಡೇ, ಬೇರೊಂದು ದಾರಿಯನ್ನು ತುಳಿದವರು ಎನ್. ಲಕ್ಷ್ಮೀನಾರಾಯಣ. ಅವರ ಚಿತ್ರಗಳನ್ನು ನೋಡಿದವರು ಬಹಳ ಮಂದಿ. ಹೆಸರನ್ನು ನೆನೆಯುವವರು ಕೆಲವರೇ.

೧೯೬೪ರ ‘ನಾಂದಿ’ಯಲ್ಲಿ ರಾಜಕುಮಾರ್ ಪುರಾಣಪುರುಷರಲ್ಲ, ಸಾಧಾರಣ ಉಪಾಧ್ಯಾಯ. ಹರಿಣಿ ಅವರದು ಕಿವಿ ಕೇಳದ, ಮಾತು ಬಾರದ ಹೆಂಡತಿಯ ಪಾತ್ರ. ಸಂಭಾಷಣೆಯನ್ನೇ ನೆಚ್ಚಿಕೊಂಡಿದ್ದ ಅಂದಿನ ಚಿತ್ರರಂಗದಲ್ಲಿ ಮಾತಿಲ್ಲದವಳೊಬ್ಬಳನ್ನು ಕಥೆಯ ನಡುವೆ ನಿಲ್ಲಿಸಿದ್ದು ಸಾಹಸವೇ ಸರಿ.

೧೯೬೯ರ ‘ಉಯ್ಯಾಲೆ’ಗೆ ಚದುರಂಗರ ಕಾದಂಬರಿ ಆಧಾರ. ವ್ಯಾಸಂಗದಲ್ಲಿ ಮುಳುಗಿದ ಗಂಡ, ಮನೆಗೆ ಬಂದ ಇನ್ನೊಬ್ಬನತ್ತ ವಾಲುವ ಹೆಂಡತಿಯ ಮನಸ್ಸು. ಇಲ್ಲಿ ಮಾತು ಬಲ್ಲವರೇ ಆಡಲಾರದೆ ಉಳಿಯುತ್ತಾರೆ. ೧೯೭೩ರ ‘ಅಬಚೂರಿನ ಪೋಸ್ಟಾಫೀಸು’ ಪೂರ್ಣಚಂದ್ರ ತೇಜಸ್ವಿಯವರ ಕಥೆ. ಒಬ್ಬರಿಗೆ ಬಂದ ಕಾಗದದ ಮೇಲೆ ಇನ್ನೊಬ್ಬರ ಕುತೂಹಲ ಹರಿದಾಗ ಬದುಕು ಕದಡುವ ಬಗೆ ಅದರಲ್ಲಿದೆ. ಮೂರು ಚಿತ್ರಗಳಲ್ಲಿಯೂ ಮಾತು ತಲುಪಬೇಕಾದಲ್ಲಿಗೆ ತಲುಪುವುದಿಲ್ಲ. ಈ ನಿರ್ದೇಶಕರನ್ನು ಕಾಡಿದ ವಸ್ತು ಇದೇ ಎಂದು ನನಗೆ ತೋರುತ್ತದೆ.

೧೯೮೫ರ ‘ಬೆಟ್ಟದ ಹೂವು’ ಷರ್ಲಿ ಅರೋರಾ ಎಂಬ ಅಮೆರಿಕನ್ ಲೇಖಕಿಯ ಮಕ್ಕಳ ಕಾದಂಬರಿಯನ್ನು ಆಧರಿಸಿದ್ದು. ಬಡಹುಡುಗ ರಾಮು ಬೆಟ್ಟದ ಹೂಗಳನ್ನು ಆಯ್ದು ತಂದು ಕೊಟ್ಟು, ಕುವೆಂಪು ಅವರ ‘ಶ್ರೀ ರಾಮಾಯಣ ದರ್ಶನಂ’ ಕೊಳ್ಳಲೆಂದು ಕಾಸಿಗೆ ಕಾಸು ಕೂಡಿಡುತ್ತಾನೆ. ಕೊನೆಗೆ ಆ ಹಣ ಚಳಿಯಲ್ಲಿ ನಡುಗುವ ಮನೆಯವರ ಕಂಬಳಿಗೆ ಸಲ್ಲುತ್ತದೆ. ಬಾಲಕ ಪುನೀತ್‌ಗೆ ಈ ಪಾತ್ರ ರಾಷ್ಟ್ರಪ್ರಶಸ್ತಿಯನ್ನು ತಂದಿತು.

ಜೀವಮಾನವೆಲ್ಲ ಕಾವ್ಯವನ್ನು ಪಾಠ ಹೇಳಿದ ನನ್ನಂಥವನಿಗೆ ಈ ಮುಕ್ತಾಯ ಸುಲಭವಾಗಿ ಒಗ್ಗುವಂಥದಲ್ಲ. ಹುಡುಗನಿಗೆ ಪುಸ್ತಕವೂ ಸಿಗಬಾರದಿತ್ತೇ ಎಂದು ಮನಸ್ಸು ಮರುಗುತ್ತದೆ. ಆದರೆ ತನ್ನವರಿಗಾಗಿ ತನ್ನದನ್ನು ಬಿಟ್ಟುಕೊಡುವುದು ರಾಮಾಯಣದ ಹುರುಳಲ್ಲವೆ? ಕೊಳ್ಳಲಾಗದ ಕಾವ್ಯವನ್ನು ರಾಮು ಬಾಳಿನಲ್ಲಿ ನಡೆಸಿ ತೋರಿಸುತ್ತಾನೆ; ನಿರ್ದೇಶಕರು ಅದನ್ನು ಉಪದೇಶಿಸದೆ ಸುಮ್ಮನಾಗುತ್ತಾರೆ.

ಸಾಹಿತ್ಯ ತೆರೆಗೆ ಬಂದಾಗ ಎಷ್ಟು ಉಳಿಯಿತು, ಎಷ್ಟು ಹೋಯಿತು ಎಂದು ಲೆಕ್ಕ ಹಾಕುವುದು ನಮ್ಮ ಅಭ್ಯಾಸ. ಮಾತು ಸೋತೆಡೆಯಲ್ಲಿ ಮುಖ, ಮೌನ, ಬೆಳಕು ಏನನ್ನು ಹೇಳಬಲ್ಲವೆಂಬುದನ್ನು ಅರಿಯಲು, ಸಾಹಿತ್ಯದ ವಿದ್ಯಾರ್ಥಿಗಳು ಲಕ್ಷ್ಮೀನಾರಾಯಣರ ಚಿತ್ರಗಳನ್ನು ಮೂಲಕೃತಿಗಳ ಪಕ್ಕದಲ್ಲಿಟ್ಟು ನೋಡಬೇಕು.